ರಿವರ್ಸ್ ಗೇರಿಲ್ಲದ ಅತ್ತಿಗೆ

ನಮ್ಮ ಅತ್ತಿಗೆಯ ಕಾರಿಗೆ ರಿವರ್ಸ್ ಗೇರ್ ಇಲ್ಲ!

ಹೀಗೆಂದರೆ ಆ ಕಾರು ತಯಾರಿಸಿದವರು ನನ್ನ ಮೇಲೆ ಕೇಸು ಹಾಕಿಯಾರು. ಆದ್ದರಿಂದ ತಿದ್ದಿ ಹೇಳುತ್ತೇನೆ. ಗೇರ್ ಇದೆ. ಎಲ್ಲರ ಕಾರಿನ ಹಾಗೆ ಅದರಲ್ಲೂ ‘ಆರ್’ ಎಂಬ ಅಕ್ಷರ ಕೆತ್ತಿ ಕೊಟ್ಟಿದ್ದಾರೆ. ಅತ್ತಿಗೆ ಅದನ್ನು ಬಳಸಿದ್ದನ್ನು ಕಂಡವರು ಮಾತ್ರ ಇಲ್ಲ. ಅದು ಆಟೋಮ್ಯಾಟಿಕ್ ಕಾರು. ನಿಲ್ಲಿಸುವ ‘ಪಿ’ಯಿಂದ ಓಡಿಸುವ ‘ಡಿ’ಗೆ ಗೇರು ಎಳೆಯುವಾಗ ನಡುವೆ ಈ ‘ಆರ್’ ಸಿಕ್ಕೇ ಸಿಗುತ್ತದೆ. ಅತ್ತಿಗೆ ಅಲ್ಲಿ ಅರೆಕ್ಷಣವೂ ನಿಲ್ಲುವುದಿಲ್ಲ. ಮಾತು ಬಿಟ್ಟ ನೆಂಟರ ಮನೆ ಮುಂದೆ ಹೋಗಬೇಕಾಗಿ ಬಂದಾಗ ಮುಖ ಆಚೆ ತಿರುಗಿಸಿಕೊಂಡು ಸರಸರ ದಾಟಿಬಿಡುತ್ತೇವಲ್ಲ, ಹಾಗೆ ದಾಟಿಬಿಡುತ್ತಾರೆ.

ಹಾಗಂತ ಅವರು ಪುಕ್ಕಲು ಅಂದುಕೊಂಡೀರಿ! ಅತ್ತಿಗೆ ಎಂದರೆ ನನ್ನ ಅಣ್ಣನ ಹೆಂಡತಿ. ಮೈಸೂರಿನವರು. ಕುವೈತಿಗೆ ಬಂದು ಎರಡು ದಶಕದ ಮೇಲಾಯಿತು. ಖಾಸಗಿ ಕ್ಲಿನಿಕ್ಕೊಂದರ ಲ್ಯಾಬಿನಲ್ಲಿ ಕೆಲಸ. ಆರಡಿ ಎತ್ತರದ ಗಂಡಸರು ಸೂಜಿ ಕಂಡು ಕಣ್ಣು ಮುಚ್ಚಿದರೆ ‘ಯಲ್ಲಾ ಬಾಬಾ, ಇಷ್ಟೇನೇ, ಖಲಾಸ್’ ಎಂದು ಅರಬ್ಬಿ ಬೆರೆಸಿ ಮಾತಾಡಿಸುತ್ತಲೇ ರಕ್ತ ತೆಗೆದುಬಿಡುವ ಗಟ್ಟಿಗಿತ್ತಿ. ಹೆದ್ದಾರಿಯಲ್ಲಿ ಹಿಂದಿನಿಂದ ಲೈಟು ಹೊಡೆಯುತ್ತಾ ರಾಕೆಟ್ಟಿನಂತೆ ನುಗ್ಗುವ ಹುಡುಗರಿಗೆ ‘ಹೋಗಪ್ಪ ಹೋಗು, ನಿಮ್ಮಮ್ಮ ಕಾಯ್ತಿರ್ತಾರೆ’ ಎಂದು ದಾರಿ ಬಿಟ್ಟು ಕೊಡುವಷ್ಟು ಸಮಾಧಾನಿ. ಇಂಥ ಹೆಂಗಸಿಗೆ ನಾಲ್ಕು ಅಡಿ ಹಿಂದಕ್ಕೆ ಹೋಗುವುದೆಂದರೆ ಯಾಕಾಗದು? ನನ್ನ ತಲೆ ತಿಂದ ಪ್ರಶ್ನೆ ಇದು.

ಇದರ ಮೊದಲ ರುಚಿ ನನಗೆ ಸಿಕ್ಕಿದ್ದು ನಾನು ಇಲ್ಲಿಗೆ ಬಂದಿಳಿದ ದಿನವೇ. ಬ್ಯಾಂಕೊಂದರ ಕಂಪ್ಯೂಟರ್ ವಿಭಾಗದಲ್ಲಿ ನನಗೆ ಕೆಲಸ ಸಿಕ್ಕಿತ್ತು. ಅಣ್ಣನಿಗೆ ಮೀನಾ ಅಲ್ ಅಹ್ಮದಿಯ ರಿಫೈನರಿಯಲ್ಲಿ ಶಿಫ್ಟ್ ಡ್ಯೂಟಿ; ಹಾಗಾಗಿ ವಿಮಾನ ನಿಲ್ದಾಣಕ್ಕೆ ಅತ್ತಿಗೆ ಬಂದಿದ್ದರು. ‘ಕಾರು ಇಲ್ಲೇ ಇದೆ, ಬಾರೋ’ ಎಂದರು. ಎರಡು ಸೂಟ್‌ಕೇಸು, ಅಮ್ಮ ಕಟ್ಟಿಕೊಟ್ಟ ಉಪ್ಪಿನಕಾಯಿ ಡಬ್ಬ ಹೊತ್ತು ಹೊರಟೆ. ನಡೆದೆವು. ಮತ್ತೂ ನಡೆದೆವು. ದಾರಿಯ ಎರಡೂ ಕಡೆ ಖಾಲಿ ಜಾಗಗಳು ನನ್ನನ್ನು ನೋಡಿ ನಗುತ್ತಿದ್ದವು. ‘ಇಲ್ಲೇ ನಿಲ್ಲಿಸಬಹುದಿತ್ತಲ್ಲ ಅತ್ತಿಗೆ?’ ಎಂದೆ. ‘ಅದು ಮುಚ್ಚಿದ ಜಾಗ ಕಣೋ. ಒಳಗೆ ಹೋದ್ರೆ ಹೊರಗೆ ಬರಕ್ಕೆ ಹಿಂದಕ್ಕೆ ಬರಬೇಕು. ನಾನು ಹಂಗೆಲ್ಲ ನಿಲ್ಲಿಸಲ್ಲ’ ಎಂದರು. ಅವರ ಕಾರು ನಿಂತಿದ್ದ ಮೂಲೆ ತಲುಪುವ ಹೊತ್ತಿಗೆ ವಿಮಾನ ನನ್ನನ್ನು ಅರ್ಧ ದಾರಿಗೇ ಇಳಿಸಿ ಹೋಯಿತೇನೋ ಅನ್ನಿಸಿತು!

ಆಮೇಲೆ ಅವರ ಶಾಸ್ತ್ರವೆಲ್ಲ ಒಂದೊಂದಾಗಿ ಅರ್ಥವಾಯಿತು. ಪಾರ್ಕಿಂಗ್ ಜಾಗಗಳು ಬೆನ್ನಿಗೆ ಬೆನ್ನು ಹಚ್ಚಿ ಎರಡು ಸಾಲಾಗಿ ಇರುತ್ತವಲ್ಲವೇ? ಎದುರುಬದುರಾಗಿ ಎರಡೂ ಖಾಲಿ ಇದ್ದರೆ ಒಂದರಿಂದ ನುಗ್ಗಿ ಇನ್ನೊಂದರಲ್ಲಿ ನಿಂತರಾಯಿತು. ಹೊರಡುವಾಗ ಮೂತಿ ಮುಂದೆ, ದಾರಿ ಮುಂದೆ. ಇದಕ್ಕೆ ಅತ್ತಿಗೆ ಇಟ್ಟ ಹೆಸರು ‘ಜೋಡಿ ಜಾಗ’. ಅವರ ಪ್ರಕಾರ ಜಗತ್ತಿನಲ್ಲಿ ಪಾರ್ಕಿಂಗ್ ಎಂದರೆ ಜೋಡಿ ಜಾಗ ಮಾತ್ರ. ಉಳಿದದ್ದೆಲ್ಲ ಬರೀ ಗೆರೆ. ಇದಕ್ಕೆ ಭಾಷೆಯ ಆಧಾರವನ್ನೂ ಕೊಡುತ್ತಿದ್ದರು. ‘ನೋಡು, ಈ ಊರಿನ ಅರಬ್ಬಿಯಲ್ಲಿ ನೇರ ಹೋಗು ಅನ್ನಕ್ಕೆ ಏನಂತಾರೆ? ಸೀದಾ! ನಮ್ಮಲ್ಲಿ? ಸೀದಾ! ಎರಡು ದೇಶದವರು ಒಂದೇ ಮಾತು ಹೇಳ್ತಿರಬೇಕಾದ್ರೆ ಹಿಂದಕ್ಕೆ ಹೋಗಕ್ಕೆ ನಾನ್ಯಾರೋ?’

ತಮಾಷೆ ಏನೆಂದರೆ ಅಣ್ಣನ ರಿಫೈನರಿಯಲ್ಲಿ ಇದಕ್ಕೆ ತೀರಾ ಉಲ್ಟಾ. ಬೆಂಕಿ ಗಿಂಕಿ ಬಿದ್ದರೆ ಎಲ್ಲರೂ ಸರಕ್ಕನೆ ಹೊರಡಲು ಆಗಬೇಕೆಂದು ಅಲ್ಲಿ ಎಲ್ಲ ಕಾರನ್ನೂ ಹಿಮ್ಮುಖವಾಗಿಯೇ ನಿಲ್ಲಿಸಬೇಕು. ಅದು ಅಭ್ಯಾಸವಾಗಿ ಅಣ್ಣ ಮಾಲಿಗೆ ಹೋದರೂ ರಿವರ್ಸ್, ಸಿನಿಮಾಕ್ಕೆ ಹೋದರೂ ರಿವರ್ಸ್. ಮನೆಯಲ್ಲಿ ಚಪ್ಪಲಿ ಬಿಡುವಾಗಲೂ ಮೂತಿ ಬಾಗಿಲ ಕಡೆಗಿಟ್ಟೇ ಬಿಡುತ್ತಾನೆ. ಒಬ್ಬರು ಹಿಂದಕ್ಕೇ ಹೋಗುವವರು, ಒಬ್ಬರು ಹಿಂದಕ್ಕೇ ಹೋಗದವರು. ಹೀಗೆ ಎರಡು ಕಾರು ಕೊಂಡು ಸಂಸಾರ ಉಳಿಸಿಕೊಂಡಿದ್ದರು!

ಇನ್ನು ಅವರ ಒಬ್ಬಳೇ ಮಗಳ ವಿಷಯ. ಮನೆಯಲ್ಲಿ ಎಲ್ಲರೂ ಪುಟ್ಟಿ ಎಂದು ಕರೆಯುತ್ತೇವೆ. ಈ ಪುಟ್ಟಿ ನನ್ನ ಜೊತೆ ಮಾತಾಡಬೇಕಾದರೆ ಬಗ್ಗುತ್ತಾಳೆ. ಇಲ್ಲಿಯ ಖಾಸಗಿ ವಿಶ್ವವಿದ್ಯಾಲಯವೊಂದಕ್ಕೆ ಸೇರಿದ ವರ್ಷವೇ ಅವಳ ಎತ್ತರ ನೋಡಿ ಬ್ಯಾಸ್ಕೆಟ್‌ಬಾಲ್ ತಂಡದವರು ಎಳೆದುಕೊಂಡರು. ಅತ್ತಿಗೆಯ ಶಾಸ್ತ್ರಕ್ಕೆ ನಿಜವಾದ ಪರೀಕ್ಷೆ ಬಂದದ್ದು ಆಗ.

ಯಾಕೆಂದರೆ ಆ ಕ್ಯಾಂಪಸ್ಸಿನಲ್ಲಿ ಪಂದ್ಯದ ಸಂಜೆ ಪಾರ್ಕಿಂಗ್ ಸಿಗುವುದು ಲಾಟರಿ ಹೊಡೆದ ಹಾಗೆ. ಹಗಲಿನ ಕ್ಲಾಸಿನವರು ಇನ್ನೂ ಹೋಗಿರುವುದಿಲ್ಲ. ಸಂಜೆ ಕ್ಲಾಸಿನವರು ಆಗಲೇ ಬಂದಿರುತ್ತಾರೆ. ಇವರ ನಡುವೆ ಎರಡೂ ಕಾಲೇಜಿನ ಅಭಿಮಾನಿಗಳು ಹಾರ್ನ್ ಹೊಡೆಯುತ್ತಾ ನುಗ್ಗುತ್ತಾರೆ. ಒಬ್ಬೊಬ್ಬ ಹುಡುಗನ ಕಾರೂ ನಮ್ಮ ಊರಿನ ಮಿನಿ ಬಸ್ಸಿನಷ್ಟು. ಇದರಲ್ಲಿ ಒಂದು ಜಾಗ ಸಿಗುವುದೇ ಕಷ್ಟ, ಜೋಡಿ ಜಾಗ ಎಲ್ಲಿಂದ ತರೋಣ?

ಅತ್ತಿಗೆ ಇದಕ್ಕೆ ಕಂಡುಕೊಂಡ ಉಪಾಯ ಸರಳ. ಆಟ ಸಂಜೆ ಆರಕ್ಕೆ ಇದ್ದರೆ ನಾವು ಮಧ್ಯಾಹ್ನ ಮೂರಕ್ಕೆ ಹಾಜರು. ‘ನಾವು’ ಎಂದರೆ ಅತ್ತಿಗೆ ಮತ್ತು ನಾನು. ಫಿಂಟಾಸಿನ ಅವರ ಮನೆಯಿಂದ ಹೊರಟು, ಫರ್ವಾನಿಯಾದ ನನ್ನ ರೂಮಿಗೆ ಸುತ್ತಿ ಬಂದು ನನ್ನನ್ನು ಹತ್ತಿಸಿಕೊಳ್ಳುತ್ತಿದ್ದರು. ನನಗೆ ಇಲ್ಲಿಯ ಲೈಸೆನ್ಸ್ ಇನ್ನೂ ಸಿಕ್ಕಿಲ್ಲ. ಆದ್ದರಿಂದ ನನ್ನ ಹುದ್ದೆ ದಾರಿ ನೋಡುವುದು, ಜಾಗ ಕಂಡರೆ ಕೂಗುವುದು. ಕಾರಿನಲ್ಲಿ ಪುಳಿಯೋಗರೆ, ಕೋಡುಬಳೆ, ಫ್ಲಾಸ್ಕಿನಲ್ಲಿ ಕಾಫಿ. ಆಟಗಾರ್ತಿಯರಿಗಿಂತ ಮೊದಲು, ಕೋಚಿಗಿಂತ ಮೊದಲು, ಬಾಲಿಗಿಂತ ಮೊದಲು ನಾವು ಅಲ್ಲಿರುತ್ತಿದ್ದೆವು. ಗೇಟಿನ ಕಾವಲುಗಾರ ಈಜಿಪ್ಟಿನವನು. ಮೊದಲ ವಾರ ನಮ್ಮನ್ನು ಯಾರೋ ಪ್ರೊಫೆಸರ್ ಎಂದುಕೊಂಡು ಸಲಾಮು ಹೊಡೆದ. ಎರಡನೆಯ ವಾರ ಫ್ಲಾಸ್ಕು ಕಂಡು ಅಡುಗೆಯವರು ಎಂದುಕೊಂಡ!

ಎಷ್ಟೇ ಬೇಗ ಹೋದರೂ ಜೋಡಿ ಜಾಗ ಸಿಗದ ದಿನಗಳಿದ್ದವು. ಆಗ ಶುರುವಾಗುತ್ತಿತ್ತು ಬೇಟೆ. ಕೈಯಲ್ಲಿ ಕೀ ಹಿಡಿದು ನಡೆಯುವ ಹುಡುಗನೊಬ್ಬ ಕಂಡರೆ ಸಾಕು, ಅತ್ತಿಗೆ ಆಮೆಯ ವೇಗದಲ್ಲಿ ಅವನ ಬೆನ್ನು ಹತ್ತುತ್ತಿದ್ದರು. ಪಾಪ, ಆ ಹುಡುಗ ಒಮ್ಮೆ ತಿರುಗಿ ನೋಡಿ, ಹೆಜ್ಜೆ ಚುರುಕು ಮಾಡಿ, ಮತ್ತೊಮ್ಮೆ ತಿರುಗಿ ನೋಡಿ, ಕೊನೆಗೆ ಓಟ ಕೀಳುತ್ತಿದ್ದ. ಒಬ್ಬ ಧೈರ್ಯಸ್ಥ ಕಾರಿನೊಳಗೆ ಹೋಗಿ ಕೂತ. ನಾವು ಕಾದೆವು. ಅವನು ಪೊಟ್ಟಣ ಬಿಚ್ಚಿ ಬರ್ಗರ್ ತಿಂದ. ನಾವು ಕಾದೆವು. ಫೋನಿನಲ್ಲಿ ಮಾತಾಡಿದ. ನಾವು ಕಾದೆವು. ಕೊನೆಗೆ ಇಳಿದು ಬಂದು, ಕಿಟಕಿಯ ಹತ್ತಿರ ಬಗ್ಗಿ, ಬಹಳ ವಿನಯದಿಂದ, ‘ಆಂಟಿ, ಐ ಓನ್ಲಿ ಕೇಮ್ ಟು ಈಟ್’ ಎಂದು ಹೇಳಿ ಹೋದ!

ಇನ್ನೊಮ್ಮೆ ಕ್ಯಾಂಪಸ್ಸಿನ ಹೊರಗಿನ ಮರಳು ಮೈದಾನದಲ್ಲಿ ನಿಲ್ಲಿಸಿದೆವು. ಅತ್ತಿಗೆಗೆ ಆ ಮೈದಾನ ಸ್ವರ್ಗ. ಗೆರೆ ಇಲ್ಲ, ಸಾಲಿಲ್ಲ, ದೊಡ್ಡದೊಂದು ಸುತ್ತು ಹೊಡೆದರೆ ಎಲ್ಲ ಕಡೆಗೂ ಮುಂದೆಯೇ! ಆಟ ಮುಗಿಸಿ ಬಂದು ನೋಡಿದರೆ ಮುಂದಿನ ಚಕ್ರ ಮರಳಿನಲ್ಲಿ ಹೂತಿತ್ತು. ಕುವೈತಿ ಹುಡುಗನೊಬ್ಬ ತನ್ನ ಜೀಪು ತಂದು ಹಿಂದೆ ಹಗ್ಗ ಕಟ್ಟಲು ಹೊರಟ. ಹಿಂದೆ ಗಟ್ಟಿ ನೆಲ; ಒಂದು ಎಳೆತ ಎಳೆದಿದ್ದರೆ ಮುಗಿದಿತ್ತು. ಅತ್ತಿಗೆ ಕಾರಿನಿಂದ ತಲೆ ಹೊರಹಾಕಿ, ‘ನೋ ನೋ! ಬಾಬಾ, ಸೀದಾ! ಓನ್ಲಿ ಸೀದಾ!’ ಎಂದು ಕೂಗಿದರು. ಹುಡುಗ ನನ್ನ ಮುಖ ನೋಡಿದ. ನಾನು ಆಕಾಶ ನೋಡಿದೆ. ಹಿರಿಯರ ಮಾತು ಮೀರಬಾರದೆಂದು ಅವನು ಜೀಪು ಮುಂದೆ ತಂದು ಎಳೆದ. ಐದು ನಿಮಿಷದಲ್ಲಿ ನಮ್ಮ ಕಾರಿನ ಜೊತೆಗೆ ಅವನ ಜೀಪೂ ಹೂತುಹೋಯಿತು. ಅವನ ಸ್ನೇಹಿತರು ಬಂದು ಎರಡನ್ನೂ ಎತ್ತಿದರೆನ್ನಿ. ಆದರೂ ಆ ಹುಡುಗ ‘ಮಾಫಿ ಮುಷ್ಕಿಲ್, ಆಂಟಿ’, ಅಂದರೆ ಏನೂ ತೊಂದರೆಯಿಲ್ಲ, ಎಂದು ನಗುತ್ತಲೇ ಅತ್ತಿಗೆ ಕೊಟ್ಟ ಕೋಡುಬಳೆ ಕಡಿಯುತ್ತಾ ಹೋದ.

ಇಷ್ಟೆಲ್ಲ ಮಾಡಿ ಒಳಗೆ ಹೋದರೆ ಪುಟ್ಟಿ ಆಡುತ್ತಿದ್ದಳೇ? ಇಲ್ಲ! ಎತ್ತರ ನೋಡಿ ಸೇರಿಸಿಕೊಂಡವರು ಅವಳ ಓಟ ನೋಡಿ ಬೆಂಚಿನಲ್ಲಿ ಕೂರಿಸಿದ್ದರು. ಪುಟ್ಟಿಗೆ ಅದೇ ಒಂದು ಬೇಸರವಾದರೆ, ಅದರ ಮೇಲೆ ಅಮ್ಮನ ಕಾರು. ಒಂದು ಶುಕ್ರವಾರ ಊಟಕ್ಕೆ ಕೂತಾಗ ಸಿಡಿದೇಬಿಟ್ಟಳು.

‘ಅಮ್ಮಾ, ಪ್ಲೀಸ್ ಡೋಂಟ್ ಕಮ್. ಎವ್ರಿಬಡಿ ನೋಸ್ ಅವರ್ ಕಾರ್. ದೇ ಕಾಲ್ ಇಟ್ ದ ಸೀದಾ ಕಾರ್!’

‘ಒಳ್ಳೇ ಹೆಸರಲ್ವಾ’ ಎಂದರು ಅತ್ತಿಗೆ, ಅವಳ ತಟ್ಟೆಗೆ ಪಲ್ಯ ಬಡಿಸುತ್ತಾ.

‘ಐ ಡೋಂಟ್ ಈವನ್ ಪ್ಲೇ! ನಾನು ಬೆಂಚ್ ಮೇಲೆ ಕೂತಿರೋದು ನೋಡಕ್ಕೆ ತ್ರೀ ಅವರ್ಸ್ ಮುಂಚೆ ಬರ್ತೀಯಾ?’

‘ನೀನು ಕೂತಿರೋದೇ ಚೆನ್ನಾಗಿರತ್ತೆ ಕಣೇ. ಬೆನ್ನು ನೆಟ್ಟಗಿಟ್ಕೊಂಡು ಕೂತಿರ್ತೀಯ. ಪಕ್ಕದ ಹುಡುಗಿ ನೋಡು, ಮೂಟೆ ಹಂಗೆ ಕೂತಿರ್ತಾಳೆ.’

ಪುಟ್ಟಿ ತಟ್ಟೆ ಎತ್ತಿಕೊಂಡು ಎದ್ದು ಹೋದಳು. ಅತ್ತಿಗೆ ಏನೂ ಆಗಿಲ್ಲವೆಂಬಂತೆ ಮೊಸರು ಕಲೆಸಿಕೊಂಡರು. ಆದರೆ ತುತ್ತು ಬಾಯಿಗೆ ಹೋಗಲು ಬಹಳ ಹೊತ್ತು ಹಿಡಿಯಿತು.

ನನ್ನ ಕುತೂಹಲ ಆವತ್ತಿನಿಂದ ಚಟವಾಯಿತು. ಮಗಳು ಮುನಿಸಿಕೊಂಡರೂ ಬಿಡದ ಈ ಹಟ ಎಂಥದು? ಕುತ್ತಿಗೆ ನೋವೋ? ಇಲ್ಲ, ಹಿಂದಿನ ಸೀಟಿನಲ್ಲಿ ಯಾರು ಕೋಡುಬಳೆ ಕದಿಯುತ್ತಾರೆಂದು ಪೂರ್ತಿ ತಿರುಗಿ ನೋಡಬಲ್ಲರು. ಯಾವುದಾದರೂ ಹರಕೆಯೋ? ಅವರಿಗೆ ಅಷ್ಟು ಭಕ್ತಿ ಇಲ್ಲ. ಒಂದು ದಿನ ಸೂಪರ್ ಮಾರ್ಕೆಟ್ಟಿನಲ್ಲಿ ಬೇಕೆಂದೇ ಅವರ ತಳ್ಳುಗಾಡಿಗೆ ನನ್ನ ಗಾಡಿ ಅಡ್ಡ ಹಾಕಿದೆ. ಅಕ್ಕಿ, ಬೇಳೆ, ಎಣ್ಣೆ ತುಂಬಿದ್ದ ಆ ಗಾಡಿಯನ್ನು ಅತ್ತಿಗೆ ಹಾಲಿನ ಸಾಲಿನಿಂದ ಸೋಪಿನ ಸಾಲಿನ ತನಕ ಹಿಮ್ಮುಖವಾಗಿ ಎಳೆದುಕೊಂಡು, ಒಂದು ಡಬ್ಬವೂ ಬೀಳದಂತೆ ಮೂಲೆ ತಿರುಗಿಸಿದರು! ‘ಅಂದರೆ ನಿಮಗೆ ರಿವರ್ಸ್ ಬರುತ್ತೆ’ ಎಂದೆ ಕಳ್ಳನನ್ನು ಹಿಡಿದವನಂತೆ. ‘ಬರಲ್ಲ ಅಂತ ಯಾವಾಗ ಹೇಳಿದೆ? ಮಾಡಲ್ಲ ಅಂದೆ’ ಎಂದು ಸೋಪು ಆರಿಸತೊಡಗಿದರು.

ಅಣ್ಣನನ್ನು ಕೇಳಿದೆ. ರಿವರ್ಸಿನ ಬಗ್ಗೆ ಗಂಟೆಗಟ್ಟಲೆ ಭಾಷಣ ಮಾಡುವ ಅಣ್ಣ ಆವತ್ತು ಟಿವಿಯ ಶಬ್ದ ಜೋರು ಮಾಡಿದ. ‘ಕ್ಯಾಮೆರಾ ಹಾಕಿಸಿ ಕೊಡ್ತೀನಿ ಅಂದೆ, ಬೇಡ ಅಂದಳು. ಬಿಡು ಅದನ್ನ’ ಎಂದ. ಅಣ್ಣ ಯಾವುದನ್ನಾದರೂ ‘ಬಿಡು’ ಎಂದದ್ದು ನಾನು ಕೇಳಿದ್ದು ಅದೇ ಮೊದಲು.

ಆಮೇಲೆ ಸೆಮಿಫೈನಲ್ ಬಂತು. ಆ ಗುರುವಾರ ಮಧ್ಯಾಹ್ನ ಪುಟ್ಟಿಯ ಫೋನು, ನನಗೆ. ‘ಚಿಕ್ಕಪ್ಪಾ, ಅವರ್ ಸೆಂಟರ್ ಪ್ಲೇಯರ್ ಟ್ವಿಸ್ಟೆಡ್ ಹರ್ ಆ್ಯಂಕಲ್. ಕೋಚ್ ಸೇಸ್ ಐ ಆಮ್ ಸ್ಟಾರ್ಟಿಂಗ್. ಮೊದಲನೇ ನಿಮಿಷದಿಂದ ನಾನೇ!’ ಆಮೇಲೆ, ‘ಅಮ್ಮಂಗೆ ಹೇಳು. ಕಾರು ಎಲ್ಲಿ ಬೇಕಾದ್ರೂ ನಿಲ್ಲಿಸ್ಲಿ. ಬಟ್ ಕಮ್’ ಎಂದಳು.

ಹೇಳಿದೆ. ಆದರೆ ಅದೇ ದಿನ ಕ್ಲಿನಿಕ್ಕಿನಲ್ಲಿ ಅತ್ತಿಗೆಯ ಜೊತೆಗಾರ್ತಿಗೆ ಜ್ವರ. ಅವಳ ಪಾಲಿನ ಕೆಲಸವೂ ಇವರ ತಲೆಗೆ. ಯಾರದೋ ರಕ್ತದ ರಿಪೋರ್ಟು ತುರ್ತಾಗಿ ಬೇಕು. ಬಿಟ್ಟು ಬರುವ ಹಾಗಿಲ್ಲ. ಅವರು ಫರ್ವಾನಿಯಾ ತಲುಪಿ ನನ್ನನ್ನು ಹತ್ತಿಸಿಕೊಂಡಾಗ ಐದು ಗಂಟೆ ದಾಟಿತ್ತು. ಇಲ್ಲಿ ಗುರುವಾರದ ಸಂಜೆ ಎಂದರೆ ವಾರದ ರಜೆ ಶುರುವಾಗುವ ಹೊತ್ತು. ದೇಶಕ್ಕೆ ದೇಶವೇ ರಸ್ತೆಗೆ ಇಳಿದಿರುತ್ತದೆ. ಅತ್ತಿಗೆ ಲ್ಯಾಬಿನ ಬಿಳಿ ಕೋಟು ಬಿಚ್ಚುವುದನ್ನೂ ಮರೆತಿದ್ದರು. ಪುಳಿಯೋಗರೆ ಇಲ್ಲ, ಫ್ಲಾಸ್ಕ್ ಇಲ್ಲ, ಮಾತೂ ಇಲ್ಲ.

ಕ್ಯಾಂಪಸ್ಸು ಮುಟ್ಟಿದರೆ ಜಾತ್ರೆ! ಆ ದಿನವೇ ಅಲ್ಲೊಂದು ಉದ್ಯೋಗ ಮೇಳವೂ ಇತ್ತು. ಮರಳು ಮೈದಾನಕ್ಕೆ ಯಾವುದೋ ಕಟ್ಟಡದ ಕೆಲಸಕ್ಕೆಂದು ತಗಡು ಹೊಡೆದು ಬೇಲಿ ಹಾಕಿದ್ದರು. ಪಾದಚಾರಿ ಕಲ್ಲುಗಳ ಮೇಲೆ ಕಾರು, ಗಿಡಗಳ ಮಧ್ಯೆ ಕಾರು. ಒಂದು ಸುತ್ತು ಹಾಕಿದೆವು. ಇನ್ನೊಂದು ಹಾಕಿದೆವು. ‘ನೀನು ಇಳಿದು ಹೋಗೋ, ನೀನಾದ್ರೂ ನೋಡು’ ಎಂದರು. ‘ನಾನು ನೋಡಿದರೆ ಅವಳಿಗೇನು ಸಿಕ್ಕ ಹಾಗಾಯ್ತು?’ ಎಂದೆ.

ಮೂರನೆಯ ಸುತ್ತಿನಲ್ಲಿ ಆ ಈಜಿಪ್ಟಿನ ಕಾವಲುಗಾರ ಓಡಿ ಬಂದು ಕೈ ಬೀಸಿದ. ಕ್ರೀಡಾಂಗಣದ ಪಕ್ಕದ ಬಾಗಿಲಿಗೆ ತಾಗಿದ ಹಾಗೆ ಒಂದು ಸಾಲು. ಅದರಲ್ಲಿ ಒಂದೇ ಒಂದು ಜಾಗ ಖಾಲಿ. ಎರಡೂ ಕಡೆ ಮಿನಿ ಬಸ್ಸಿನಂಥ ಕಾರುಗಳು, ಹಿಂದೆ ಗೋಡೆ. ಆಂಬುಲೆನ್ಸ್ ಓಡಾಡುವ ದಾರಿಯಾದ್ದರಿಂದ ಆ ಸಾಲಿನಲ್ಲಿ ಹಿಮ್ಮುಖವಾಗಿಯೇ ನಿಲ್ಲಿಸಬೇಕೆಂದು ಬೋರ್ಡು ಬೇರೆ. ಕಾವಲುಗಾರ ಹಿಂದಕ್ಕೆ ಕೈ ತೋರಿಸಿ ‘ವರಾ, ಮಾಮಾ, ವರಾ’ ಎಂದ. ಅರಬ್ಬಿಯಲ್ಲಿ ವರಾ ಎಂದರೆ ಹಿಂದೆ, ಮಾಮಾ ಎಂದರೆ ಅಮ್ಮ.

ಅತ್ತಿಗೆ ಆ ಜಾಗ ದಾಟಿ ಮುಂದೆ ಬಂದು ಕಾರು ನಿಲ್ಲಿಸಿದರು. ಗೇರಿನ ಮೇಲೆ ಕೈ ಇಟ್ಟರು. ಇಟ್ಟೇ ಇದ್ದರು.

‘ಇವತ್ತೊಂದು ದಿನ ಅತ್ತಿಗೆ’ ಎಂದೆ. ‘ನಾಲ್ಕು ಅಡಿ. ಅಷ್ಟೇ.’

ಅವರು ನನ್ನ ಕಡೆ ತಿರುಗಲಿಲ್ಲ. ಮೇಲಿನ ಕನ್ನಡಿಯನ್ನೇ ನೋಡುತ್ತಾ ಹೇಳತೊಡಗಿದರು.

‘ನಾವು ಆಗ ಫರ್ವಾನಿಯಾದಲ್ಲೇ ಇದ್ವಿ. ನಂಗೆ ಆಗಷ್ಟೇ ಲೈಸೆನ್ಸ್ ಬಂದಿತ್ತು. ಪುಟ್ಟಿಗೆ ಮೂರು ವರ್ಷ. ಅವಳನ್ನ ಪಕ್ಕದ ಮನೆಯವರ ಕೈಗೆ ಕೊಟ್ಟು ಡ್ಯೂಟಿಗೆ ಹೊರಟೆ. ಕನ್ನಡಿ ನೋಡ್ಕೊಂಡೇ ಹಿಂದಕ್ಕೆ ತೆಗೆದೆ ಕಣೋ. ಮೂರೂ ಕನ್ನಡಿ ನೋಡಿದೆ. ಯಾರೂ ಇರಲಿಲ್ಲ. ಆಮೇಲೆ ಏನೋ ಮುರಿದ ಶಬ್ದ ಆಯ್ತು.’

ನಾನು ಅವರ ಕಡೆ ಪೂರ್ತಿ ತಿರುಗಿ ಕೂತೆ.

‘ಇಳಿದು ನೋಡಿದ್ರೆ ಅವಳ ಮೂರು ಗಾಲಿ ಸೈಕಲ್ಲು ಚಕ್ರದ ಕೆಳಗೆ. ಅವಳು ಅದರ ಹಿಂದೇನೇ ನಿಂತಿದ್ದಳು. ನಂಗೆ ಟಾಟಾ ಮಾಡಕ್ಕೆ ಅವರ ಕೈ ಬಿಡಿಸ್ಕೊಂಡು ಸೈಕಲ್ಲು ತಳ್ಕೊಂಡು ಓಡಿ ಬಂದಿದ್ದಳಂತೆ. ಇನ್ನೊಂದು ಗೇಣು...’ ಅತ್ತಿಗೆ ಗೇರಿನಿಂದ ಕೈ ತೆಗೆದು ಆ ಗೇಣನ್ನು ಅಳೆದು ತೋರಿಸಿದರು. ‘ಅವಳು ನಗ್ತಾ ಇದ್ದಳು. ಆಟ ಅಂದ್ಕೊಂಡಿದ್ದಳು. ಕನ್ನಡೀಲಿ ಕಾಣದಷ್ಟು ಚಿಕ್ಕವಳು ಕಣೋ ಅವಳು. ನಿಮ್ಮಣ್ಣಂಗೆ ಬಿಟ್ರೆ ಯಾರಿಗೂ ಹೇಳಿಲ್ಲ. ಅವಳಿಗೂ ಗೊತ್ತಿಲ್ಲ.’

ಇಷ್ಟು ದಿನ ನಕ್ಕ ನಗುವನ್ನೆಲ್ಲ ಎಲ್ಲಿ ಬಚ್ಚಿಡಲಿ ಎಂದು ತಿಳಿಯದೆ ಕೂತಿದ್ದೆ. ಅಷ್ಟರಲ್ಲಿ ನನ್ನ ಫೋನು ಬಡಿದುಕೊಂಡಿತು. ಪುಟ್ಟಿ. ‘ವೇರ್ ಆರ್ ಯೂ? ವಾರ್ಮ್ ಅಪ್ ಮುಗೀತಾ ಬಂತು!’ ಎಲ್ಲಿದ್ದೇವೆಂದು ಹೇಳಿದೆ. ‘ನಿಮ್ಮ ಬಾಗಿಲ ಹೊರಗೇ ಇದೀವಿ. ಅಮ್ಮ... ನಿಲ್ಲಿಸ್ತಾ ಇದ್ದಾರೆ’ ಎಂದೆ. ಆ ಕಡೆ ಫೋನು ಕಟ್ಟಾಯಿತು. ಈ ಕಡೆ ಕ್ರೀಡಾಂಗಣದ ಬಾಗಿಲು ದಡಾರನೆ ತೆರೆಯಿತು.

ಜರ್ಸಿ ತೊಟ್ಟ ಪುಟ್ಟಿ, ಅವಳ ಹಿಂದೆ ಇನ್ನಿಬ್ಬರು ಆಟಗಾರ್ತಿಯರು. ಒಬ್ಬಳು ಕಿಟಕಿಗೆ ಬಂದು, ‘ಆಂಟಿ, ಗಿವ್ ಮಿ ದ ಕೀ, ಐ ವಿಲ್ ಪಾರ್ಕ್’ ಎಂದಳು. ಅತ್ತಿಗೆ ಪ್ರಾಣ ಬಂದವರಂತೆ ಬೆಲ್ಟ್ ಬಿಚ್ಚತೊಡಗಿದರು.

‘ಬೇಡ’ ಎಂದಳು ಪುಟ್ಟಿ. ‘ಅಮ್ಮ ಮಾಡ್ತಾಳೆ.’ ಬಗ್ಗಿ ಅಮ್ಮನ ಮುಖ ನೋಡಿದಳು. ‘ಅಮ್ಮಾ, ನಂಗೂ ಒಳಗೆ ಹೋಗಕ್ಕೆ ಭಯ ಆಗ್ತಿದೆ. ಐ ಆಮ್ ಲಿಟರಲಿ ಶೇಕಿಂಗ್. ನೀನು ಇದನ್ನ ಮಾಡು, ನಾನು ಅದನ್ನ ಮಾಡ್ತೀನಿ. ಓಕೆ?’

ಉತ್ತರಕ್ಕೆ ಕಾಯದೆ ಹೋಗಿ, ಆ ಎರಡು ದೊಡ್ಡ ಕಾರುಗಳ ನಡುವೆ, ಗೋಡೆಗೆ ಬೆನ್ನು ಕೊಟ್ಟು ನಿಂತುಬಿಟ್ಟಳು.

‘ಪುಟ್ಟೀ! ಹಿಂದೆ ನಿಲ್ಲಬೇಡ! ಪಕ್ಕಕ್ಕೆ ಬಾ!’ ಅತ್ತಿಗೆಯ ಕೂಗಿಗೆ ಕಾವಲುಗಾರನೂ ಬೆಚ್ಚಿದ. ಆ ಧ್ವನಿ ನಾನು ಎಂದೂ ಕೇಳಿರಲಿಲ್ಲ.

‘ಪಕ್ಕದಲ್ಲಿ ನಿಂತ್ರೆ ನಿಂಗೆ ಕಾಣಲ್ಲ ಅಮ್ಮಾ! ನನ್ನ ನೋಡ್ಕೊಂಡು ಬಾ!’ ಎಂದು ಪುಟ್ಟಿ ಎರಡೂ ಕೈ ಮೇಲೆತ್ತಿದಳು, ಎದುರಾಳಿಯ ಬಾಲು ತಡೆಯುವವಳ ಹಾಗೆ. ಗೆಳತಿಯರಿಬ್ಬರೂ ಎಡಕ್ಕೊಬ್ಬಳು ಬಲಕ್ಕೊಬ್ಬಳು ಕೈ ಚಾಚಿ ನಿಂತರು.

ಅತ್ತಿಗೆ ಕನ್ನಡಿ ನೋಡಿದರು. ನಾನೂ ಹಿಂದೆ ತಿರುಗಿ ನೋಡಿದೆ. ಗಾಜಿನ ತುಂಬ ಪುಟ್ಟಿ. ಹೆಗಲು, ಉದ್ದನೆಯ ತೋಳು, ಹಣೆಗೆ ಕಟ್ಟಿದ ಪಟ್ಟಿ, ಅದರ ಮೇಲೆ ಎತ್ತಿ ಹಿಡಿದ ಅಂಗೈ.

‘ಪೂರ್ತಿ ಕಾಣ್ತಾಳೆ ಕಣೋ’ ಎಂದರು ಅತ್ತಿಗೆ, ಮೆಲ್ಲಗೆ, ಯಾರಿಗೋ ಸುದ್ದಿ ತಿಳಿಸುವವರಂತೆ. ‘ಪೂರ್ತಿ ಕಾಣ್ತಾಳೆ.’

ಗೇರು ಕಟಕ್ಕೆಂದಿತು. ಕಾರು ಹಿಂದಕ್ಕೆ ಚಲಿಸಿತು. ನಮ್ಮ ತಾತನ ಕಾಲದ ಎತ್ತಿನ ಗಾಡಿ ಇದಕ್ಕಿಂತ ಬೇಗ ಹೋದೀತು! ಒಂದು ಗೇಣು ಬಂದು ನಿಂತಿತು. ಮತ್ತೊಂದು ಗೇಣು. ‘ಎಡ! ಅಮ್ಮಾ, ಎಡ! ಸ್ಟಾಪ್! ಈಗ ಬಾ. ಬಾ. ಬಾ...’ ಗೆಳತಿಯರಿಗೆ ಕನ್ನಡ ಬರುವುದಿಲ್ಲ. ಅವರೂ ‘ಬಾ ಬಾ’ ಎಂದು ಕೂಗಲು ಹತ್ತಿದರು. ಒಳಗೆ ಪಂದ್ಯಕ್ಕೆ ಸೀಟಿ ಊದುತ್ತಿದ್ದರು. ಅತ್ತಿಗೆಯ ಕಣ್ಣು ಕನ್ನಡಿ ಬಿಟ್ಟು ಅಲ್ಲಾಡಲಿಲ್ಲ. ಹಿಂದಿನಿಂದ ಡಿಕ್ಕಿಯ ಮೇಲೆ ಅಂಗೈಯ ಪೆಟ್ಟು ಬಿತ್ತು: ‘ಖಲಾಸ್!’

ಅತ್ತಿಗೆ ಇಳಿದವರೇ ಸಂದಿಯಲ್ಲಿ ನುಸುಳಿ ಹಿಂದಕ್ಕೆ ಓಡಿದರು. ಮಗಳ ಮುಂದೆ ಕುಕ್ಕರಗಾಲಲ್ಲಿ ಕೂತು ಅವಳ ಪಾದ, ಮೊಣಕಾಲು ಎಲ್ಲ ಮುಟ್ಟಿ ನೋಡಿದರು. ‘ಅಮ್ಮಾ, ವಾಟ್ ಆರ್ ಯೂ ಡೂಯಿಂಗ್? ನಂಗೇನೂ ಆಗಿಲ್ಲ!’ ಎಂದು ಪುಟ್ಟಿ ನಕ್ಕಳು. ‘ಗೊತ್ತು. ಏನೂ ಆಗಿಲ್ಲ. ಲೇಸ್ ಬಿಚ್ಚಿತ್ತು, ಅದಕ್ಕೆ’ ಎಂದು, ಬಿಚ್ಚದೇ ಇದ್ದ ಲೇಸನ್ನು ಬಿಚ್ಚಿ ಮತ್ತೆ ಕಟ್ಟಿದರು. ‘ಓಡು ಈಗ.’

ಆ ಪಂದ್ಯ ನಮ್ಮವರು ಸೋತರು. ಅದೂ ಸ್ವಲ್ಪದರಲ್ಲಲ್ಲ, ಚೆನ್ನಾಗಿಯೇ ಸೋತರು. ಪುಟ್ಟಿ ಎರಡು ಸಲ ಬಾಲು ಬುಟ್ಟಿಗೆ ಹಾಕಿದಳು, ಒಂದು ಸಲ ಪೂರ್ತಿ ತಪ್ಪಿ ತೀರ್ಪುಗಾರನಿಗೆ ಹಾಕಿದಳು. ನಾನು ಗಂಟಲು ಹರಿಯುವಂತೆ ಕೂಗುತ್ತಿದ್ದೆ. ಬಿಳಿ ಕೋಟಿನಲ್ಲೇ ಕೂತಿದ್ದ ಅತ್ತಿಗೆ ಮಾತ್ರ ಬಾಲನ್ನು ನೋಡುತ್ತಲೇ ಇರಲಿಲ್ಲ. ಪ್ರತಿ ಸಲ ಬಾಲು ಎದುರು ತಂಡದ ಕೈಗೆ ಹೋದಾಗ ಪುಟ್ಟಿ ಅವರ ಕಡೆ ಮುಖ ಮಾಡಿಕೊಂಡೇ, ಕೈಗಳನ್ನು ಅಗಲಿಸಿ, ತನ್ನ ಬುಟ್ಟಿಯತ್ತ ಹಿಮ್ಮುಖವಾಗಿ ಓಡುತ್ತಿದ್ದಳು. ಅಂಕಣದ ಈ ತುದಿಯಿಂದ ಆ ತುದಿಗೆ. ಒಂದು ಸಲವೂ ಎಡವದೆ.

ಅತ್ತಿಗೆ ನನ್ನ ಮಣಿಕಟ್ಟು ಗಟ್ಟಿಯಾಗಿ ಹಿಡಿದುಕೊಂಡರು. ಕನ್ನಡಕದ ಕೆಳಗೆ ನೀರು ಇಳಿಯುತ್ತಿತ್ತು; ಒರೆಸಿಕೊಳ್ಳಲಿಲ್ಲ.

‘ನೋಡೋ ಅವಳನ್ನ’ ಎಂದರು. ‘ಎಷ್ಟು ಚೆನ್ನಾಗಿ ಹಿಂದಕ್ಕೆ ಓಡ್ತಾಳೆ!’